ಕರಾವಳಿಯ ಹಿತ್ತಿಲಲ್ಲಿ ಕರಿ ಇಶಾಡು: ತಾಯಿಮರದ ಹುಡುಕಾಟದಿಂದ ಕೊಯ್ಲಿನವರೆಗೆ

ಕರಿ ಇಶಾಡು ಮಾವನ್ನು ನೆಡಬೇಕೆಂದು ಮನಸ್ಸು ಮಾಡಿದವರು ಗುದ್ದಲಿ ಹಿಡಿಯುವ ಮೊದಲು ಮಾಡಬೇಕಾದ ಕೆಲಸವೊಂದಿದೆ. ಮೇ ತಿಂಗಳಲ್ಲಿ ಉತ್ತರ ಕನ್ನಡ ಜಿಲ್ಲೆಯ ಅಂಕೋಲೆಗೆ ಬಂದು ಹಣ್ಣು ತಿನ್ನಬೇಕು. ಪೇಟೆಯಲ್ಲಿಯೂ ಹೆದ್ದಾರಿಯ ಬದಿಯಲ್ಲಿಯೂ ಹಾಲಕ್ಕಿ ಸಮುದಾಯದ ಹೆಂಗಸರು ಬುಟ್ಟಿ ಇಟ್ಟುಕೊಂಡು ಡಜನ್ ಲೆಕ್ಕದಲ್ಲಿ ಇಶಾಡು ಮಾರುತ್ತಿರುತ್ತಾರೆ. ತಿಂದ ಹಣ್ಣು ಮನಸ್ಸಿಗೆ ಬಂದರೆ ಅದು ಯಾವ ಊರಿನ, ಯಾರ ಹಿತ್ತಿಲಿನ ಮರದ್ದು ಎಂದು ಕೇಳಿ, ಸಾಧ್ಯವಾದರೆ ಅದೇ ವಾರ ಆ ಮರದ ಬುಡಕ್ಕೆ ಹೋಗಿ ನಿಲ್ಲಬೇಕು. ಮುಂದೆ ನೀವು ಹಾಕುವ ಗೊಬ್ಬರ, ಹೊಡೆಯುವ ಔಷಧಿ, ಕೊಡುವ ನೀರು ಎಲ್ಲವೂ ಈ ಒಂದು ದಿನದ ಆಯ್ಕೆಯ ಮೇಲೆ ನಿಂತಿರುತ್ತವೆ. ಕಸಿ ಗಿಡ ಐವತ್ತು ವರ್ಷ ಬದುಕಿದರೆ ಐವತ್ತು ವರ್ಷವೂ ಅದು ಕೊಡುವುದು ತಾಯಿಮರದ ಹಣ್ಣನ್ನೇ.

ಅಂಕೋಲಾ ತಾಲ್ಲೂಕು ಮತ್ತು ಅದಕ್ಕೆ ತಾಗಿದ ಕಾರವಾರ, ಕುಮಟಾ ಭಾಗಗಳ ಈ ತಳಿಗೆ 2023ರಲ್ಲಿ ‘ಅಂಕೋಲಾ ಕರಿ ಇಶಾಡು’ ಎಂಬ ಹೆಸರಿನಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ದೊರಕಿತು. ಇಶಾಡಿನಲ್ಲಿ ಎರಡು ಬಗೆಗಳಿವೆ. ಕರಿ ಇಶಾಡಿನ ಸಿಪ್ಪೆ ತೆಳು, ತಿರುಳು ಹೆಚ್ಚು, ಪರಿಮಳವೂ ಸಿಹಿಯೂ ಹೆಚ್ಚು. ಬಿಳಿ ಇಶಾಡಿನ ಸಿಪ್ಪೆ ದಪ್ಪ, ತಿರುಳು ಕಡಿಮೆ, ಸಿಹಿಯೂ ಒಂದು ಕೈ ಕಡಿಮೆ. ಹಣ್ಣು ಕೈಯಲ್ಲಿದ್ದಾಗ ವ್ಯತ್ಯಾಸ ಸುಲಭವಾಗಿ ತಿಳಿಯುತ್ತದೆ. ಆದರೆ ಒಂದಡಿ ಎತ್ತರದ ಕಸಿ ಗಿಡದ ಎಲೆ ನೋಡಿ ಇದು ಕರಿ, ಇದು ಬಿಳಿ ಎಂದು ಖಚಿತವಾಗಿ ಹೇಳುವುದು ನನ್ನಿಂದಂತೂ ಇದುವರೆಗೂ ಆಗಿಲ್ಲ.

ಆ ತಪ್ಪಿಗೆ ನಾನು ಆರು ವರ್ಷ ತೆತ್ತಿದ್ದೇನೆ. ಒಂದು ಮಳೆಗಾಲದಲ್ಲಿ ನರ್ಸರಿಯೊಂದರಿಂದ ಕರಿ ಇಶಾಡು ಎಂಬ ಚೀಟಿ ಅಂಟಿಸಿದ ಹತ್ತು ಕಸಿ ಗಿಡಗಳನ್ನು ತಂದು ಮನೆಯ ಹಿಂದಿನ ಬೇಣದಲ್ಲಿ (ಹುಲ್ಲು ಬೆಳೆಯುವ ಜಾಗದಲ್ಲಿ) ನೆಟ್ಟೆ. ಎರಡು ಸತ್ತವು, ಎಂಟು ಉಳಿದವು. ಆರನೆಯ ವರ್ಷ ಮೊದಲ ಫಸಲು ಹಣ್ಣಾದಾಗ ಎಂಟರಲ್ಲಿ ಏಳು ದಪ್ಪ ಸಿಪ್ಪೆಯವೆಂದು ಗೊತ್ತಾಯಿತು. ಗಿಡ ಸಾಕಿದ ರೀತಿಯಲ್ಲಿ ಕೊರತೆ ಇರಲಿಲ್ಲ, ಕಸಿಗೆ ಬಳಸಿದ ಕಡ್ಡಿ, ಅಂದರೆ ತಾಯಿಮರದಿಂದ ಕಡಿದ ಕೊಂಬೆಯ ತುದಿ, ಎಲ್ಲಿಂದ ಬಂತು ಎಂದು ನಾನು ಕೇಳಿರಲಿಲ್ಲ. ಇದೇ ತಾಲ್ಲೂಕಿನ ಹೊನ್ನಳ್ಳಿಯ ತುಳಸಿ ಗೌಡ ಅವರು, 2024ರ ಡಿಸೆಂಬರಿನಲ್ಲಿ ನಮ್ಮನ್ನು ಅಗಲಿದವರು, ಅರಣ್ಯ ಇಲಾಖೆಯ ನರ್ಸರಿಯಲ್ಲಿ ದಶಕಗಳ ಕಾಲ ದುಡಿದು ಪದ್ಮಶ್ರೀ ಪಡೆದರು. ಕಾಡಿನ ಯಾವ ಜಾತಿಯ ತಾಯಿಮರದಿಂದ ಯಾವಾಗ ಬೀಜ ಆರಿಸಬೇಕು ಎಂಬ ತಿಳಿವಳಿಕೆಗಾಗಿಯೇ ಅವರನ್ನು ಜನ ನೆನೆಯುತ್ತಾರೆ. ಕಾಡುಮರಕ್ಕೆ ಬೇಕಾದಷ್ಟು ಎಚ್ಚರ ಹಿತ್ತಿಲಿನ ಮಾವಿಗೂ ಬೇಕು.

ತಾಯಿಮರವನ್ನು ನೋಡುವ ಬಗೆ

ಮರದ ಬುಡಕ್ಕೆ ಹೋದಾಗ ಒಂದೇ ಹಣ್ಣು ತಿಂದು ತೀರ್ಮಾನಿಸಬೇಡಿ. ಬಿಸಿಲು ಬೀಳುವ ಬದಿಯಿಂದ ಎರಡು, ನೆರಳಿನ ಬದಿಯಿಂದ ಎರಡು ಹಣ್ಣು ಕೇಳಿ ಪಡೆದು, ಸಿಪ್ಪೆಯ ದಪ್ಪ, ಗೊರಟೆಯ ಗಾತ್ರ, ನಾರು ಮತ್ತು ಹಣ್ಣಿನ ಒಳಗಿನ ಹುಳುಕನ್ನು ನೋಡಿ. ಮನೆಯ ಹಿರಿಯರನ್ನು ಕೂರಿಸಿಕೊಂಡು ಹಿಂದಿನ ನಾಲ್ಕೈದು ವರ್ಷ ಮರ ಹೇಗೆ ಬಿಟ್ಟಿತು ಎಂದು ವಿಚಾರಿಸಿ. ಮಾವು ಒಂದು ವರ್ಷ ತುಂಬಿ ಬಿಟ್ಟು ಮರುವರ್ಷ ಕೈಕೊಡುವುದು ಸಾಮಾನ್ಯ. ಆ ಏರಿಳಿತ ಕಡಿಮೆ ಇರುವ ಮರ ಸಿಕ್ಕರೆ ಅದನ್ನು ಬಿಡಬಾರದು. ಕೊಂಬೆಗಳಲ್ಲಿ ಬಂದಳಿಕೆ ಹಬ್ಬಿದ, ಕಾಂಡದಲ್ಲಿ ಕೊರಕ ಹುಳುವಿನ ತೂತುಗಳಿರುವ ಮರವನ್ನು ಕಡ್ಡಿಗೆ ಆರಿಸಬೇಡಿ. ಆಯ್ದ ಮರಕ್ಕೆ ಸುಣ್ಣದ ಪಟ್ಟೆ ಬಳಿದು ಗುರುತು ಮಾಡಿ, ಕಡ್ಡಿ ಕೊಡುವಂತೆ ಮನೆಯವರಲ್ಲಿ ಆಗಲೇ ಮಾತಾಡಿಕೊಂಡು ಬನ್ನಿ. ಮಳೆಗಾಲದಲ್ಲಿ ಹಣ್ಣಿಲ್ಲದಾಗ ಹೋಗಿ ಹುಡುಕಿದರೆ ಎಲ್ಲ ಮರಗಳೂ ಒಂದೇ ರೀತಿ ಕಾಣುತ್ತವೆ.

ಇಷ್ಟೆಲ್ಲ ಯಾಕೆ, ಒಳ್ಳೆಯ ಹಣ್ಣಿನ ಗೊರಟೆಯನ್ನೇ ಹಾಕಿದರಾಯಿತಲ್ಲ ಎಂದು ಕೇಳುವವರಿದ್ದಾರೆ. ಗೊರಟೆಯ ಸಸಿ ತಾಯಿಯಂತೆಯೇ ಹಣ್ಣು ಕೊಡುತ್ತದೆ ಎಂಬ ಭರವಸೆ ಇಲ್ಲ, ಫಲಕ್ಕೂ ಹೆಚ್ಚು ವರ್ಷ ಕಾಯಬೇಕು. ಗೊರಟೆ ನಮಗೆ ಬೇಕಾಗಿರುವುದು ಕಡ್ಡಿಯನ್ನು ಕೂಡಿಸುವ ಬುಡದ ಗಿಡಕ್ಕೆ ಮಾತ್ರ, ಅದಕ್ಕೆ ಊರಿನ ಕಾಟು ಮಾವೇ (ಕಾಡು ಮಾವೇ) ಸಾಕು.

ಕಸಿ ಮಾಡುವುದು

ಕಾಟು ಮಾವಿನ ಗೊರಟೆಗಳನ್ನು ತಿರುಳು ತೊಳೆದು, ಒಂದು ದಿನ ನೆರಳಿನಲ್ಲಿ ಆರಿಸಿ, ತಡಮಾಡದೆ ಬಿತ್ತಬೇಕು. ತಿಂಗಳು ಕಳೆದರೆ ಅವುಗಳ ಮೊಳಕೆಯ ಶಕ್ತಿ ಬಹುಪಾಲು ಹೋಗಿರುತ್ತದೆ. ಮರಳು ಬೆರೆಸಿದ ಮಡಿಯಲ್ಲಿ ಗೊರಟೆಯ ಉಬ್ಬಿದ ಬೆನ್ನು ಮೇಲಾಗುವಂತೆ ಇಟ್ಟು, ಮೇಲೆ ತೆಳುವಾಗಿ ಮಣ್ಣು ಹಾಕಿ ದರಕು (ಒಣ ಎಲೆ) ಹೊದಿಸಿದರೆ ಎರಡು ಮೂರು ವಾರಗಳಲ್ಲಿ ಮೊಳಕೆ ಬರುತ್ತದೆ. ಮೊಳೆತ 10ರಿಂದ 15 ದಿನಗಳೊಳಗೆ, ಎಲೆಗಳು ಇನ್ನೂ ತಾಮ್ರದ ಬಣ್ಣದಲ್ಲಿರುವಾಗ, ಎಳೆ ಕಾಂಡದ ಕಸಿ ಮಾಡಬೇಕು. ನಮ್ಮ ಕಡೆ ಆರಿದ್ರಾ ಮಳೆಯಿಂದ ಪುಷ್ಯ ಮಳೆಯವರೆಗಿನ (ಜೂನ್ ಕೊನೆಯಿಂದ ಆಗಸ್ಟ್ ಆರಂಭದವರೆಗಿನ) ತೇವದ ಗಾಳಿ ಇದಕ್ಕೆ ಬಹಳ ಅನುಕೂಲ.

ಕಡ್ಡಿಯನ್ನು ವಾರ ಹತ್ತು ದಿನ ಮೊದಲೇ ಮರದ ಮೇಲೆಯೇ ಸಿದ್ಧಪಡಿಸಬೇಕು. ಬಿಸಿಲು ಬೀಳುವ ಹೊರಗಿನ ಕೊಂಬೆಗಳಲ್ಲಿ, ಮೂರು ನಾಲ್ಕು ತಿಂಗಳು ಬಲಿತ, ಪೆನ್ಸಿಲ್ ದಪ್ಪದ ತುದಿಗಳನ್ನು ಆರಿಸಿ, ಎಲೆಗಳನ್ನು ತೊಟ್ಟು ಮಾತ್ರ ಉಳಿಯುವಂತೆ ಕತ್ತರಿಸಿಬಿಡಿ. ಹತ್ತು ದಿನದಲ್ಲಿ ಆ ತೊಟ್ಟುಗಳು ಮುಟ್ಟಿದರೆ ಉದುರುವಂತಾಗುತ್ತವೆ, ತುದಿಯ ಮೊಗ್ಗು ಉಬ್ಬಿಕೊಳ್ಳುತ್ತದೆ. ಆಗ 10ರಿಂದ 12 ಸೆಂಟಿಮೀಟರ್ ಉದ್ದಕ್ಕೆ ಕಡ್ಡಿ ಕಡಿದು, ಒದ್ದೆ ಬಟ್ಟೆಯಲ್ಲಿ ಸುತ್ತಿ ಬಾಳೆಪಟ್ಟೆಯೊಳಗೆ ಇಟ್ಟು ತನ್ನಿ. ಮರದ ಒಳಗಿನ ನೆರಳಿನಲ್ಲಿ ನೆಟ್ಟಗೆ ಏರಿದ ಸೊಕ್ಕಿನ ಚಿಗುರು ನೋಡಲು ಚೆಂದವಿದ್ದರೂ ಅದನ್ನು ತೆಗೆದುಕೊಳ್ಳಬೇಡಿ.

ಕಸಿಯ ಕ್ಷಣವನ್ನು ಸ್ವಲ್ಪ ಹತ್ತಿರದಿಂದ ಹೇಳುತ್ತೇನೆ, ಯಾಕೆಂದರೆ ಸೋಲುವುದು ಇಲ್ಲಿಯೇ. ಸಸಿಯನ್ನು ಗೊರಟೆ ಕಳಚದಂತೆ ಎತ್ತಿ, ಗೊರಟೆಯಿಂದ ನಾಲ್ಕು ಬೆರಳು ಮೇಲೆ ತಲೆ ಕತ್ತರಿಸಿ, ಕಾಂಡದ ನಡುವೆ 4 ಸೆಂಟಿಮೀಟರಿನಷ್ಟು ಸೀಳಬೇಕು. ಕಡ್ಡಿಯ ಬುಡವನ್ನು ಅಷ್ಟೇ ಉದ್ದಕ್ಕೆ ಎರಡೂ ಬದಿಯಿಂದ ಬೆಣೆಯಂತೆ ಹೆರೆಯಬೇಕು. ಪ್ರತಿ ಬದಿಗೂ ಚಾಕು ಒಂದೇ ಸಲ ಎಳೆದಂತೆ ಹೋಗಬೇಕು. ಎರಡನೆಯ ಸಲ ತಿದ್ದಲು ಹೋದರೆ ಮೇಲ್ಮೈ ತಿಟ್ಟಾಗಿ, ಒಳಗೆ ಗಾಳಿ ಉಳಿದು, ಕಡ್ಡಿ ವಾರದಲ್ಲಿ ಕಪ್ಪಾಗುತ್ತದೆ. ಕಡ್ಡಿ ಸಸಿಗಿಂತ ದಪ್ಪವಾಗಿದ್ದರೆ ನಡುವೆ ಕೂರಿಸದೆ ಒಂದು ಬದಿಯ ಸಿಪ್ಪೆಗೆ ಸಿಪ್ಪೆ ಸರಿಯಾಗಿ ಕೂಡುವಂತೆ ಸರಿಸಿ ಇಡಬೇಕು, ಬೆಸೆಯುವುದು ಸಿಪ್ಪೆಯ ಒಳಪದರದಲ್ಲಿಯೇ ಹೊರತು ಒಳಗಿನ ಕಟ್ಟಿಗೆಯಲ್ಲಲ್ಲ. ಮೇಲೆ ಪ್ಲಾಸ್ಟಿಕ್ ಪಟ್ಟಿಯನ್ನು ಕೆಳಗಿನಿಂದ ಮೇಲಕ್ಕೆ ಬಿಗಿಯಾಗಿ ಸುತ್ತಿ, ಚೀಲದಲ್ಲಿ ನೆಟ್ಟು, ಮಳೆ ನೇರವಾಗಿ ಬೀಳದ ನೆರಳಿನಲ್ಲಿ ಇಡಿ. ಎರಡು ಮೂರು ವಾರದಲ್ಲಿ ಮೊಗ್ಗು ಒಡೆಯುತ್ತದೆ. ಚೀಲದ ಮೇಲೆ ತಾಯಿಮರ ಇರುವ ಮನೆಯ ಹೆಸರನ್ನೂ ಕಸಿ ಮಾಡಿದ ದಿನವನ್ನೂ ಬರೆಯಲು ಮರೆಯಬೇಡಿ.

ಕೈಗೆ ಅಭ್ಯಾಸವಿಲ್ಲದವರು ನುರಿತ ಕಸಿಗಾರರನ್ನು ಕರೆದು ಕೂಲಿ ಕೊಟ್ಟು ಮಾಡಿಸಬಹುದು. ಕಡ್ಡಿ ಮಾತ್ರ ನೀವೇ ತಂದು ಕೊಡಿ. ಕಸಿ ಕಲಿಯಬೇಕೆಂಬ ಆಸೆಯಿರುವವರು ಶಿರಸಿಯ ಕೃಷಿ ವಿಜ್ಞಾನ ಕೇಂದ್ರದಲ್ಲಿಯೋ ತಾಲ್ಲೂಕಿನ ತೋಟಗಾರಿಕೆ ಕಚೇರಿಯಲ್ಲಿಯೋ ತರಬೇತಿಯ ಬಗ್ಗೆ ವಿಚಾರಿಸಬಹುದು.

ಜಾಗ ಮತ್ತು ಗುಂಡಿ

ಕರಾವಳಿಯಲ್ಲಿ ಮಾವಿಗೆ ಎರಡು ಶತ್ರುಗಳಿವೆ, ನಿಂತ ನೀರು ಮತ್ತು ಉಪ್ಪು. ಗಜನಿಗೆ (ಉಪ್ಪು ನೀರು ನುಗ್ಗುವ ತಗ್ಗು ಗದ್ದೆಗೆ) ತಾಗಿದ, ಬೇಸಿಗೆಯಲ್ಲಿ ಬಾವಿ ಉಪ್ಪಾಗುವ ಜಾಗದಲ್ಲಿ ಎಲೆಯ ತುದಿ ಸುಟ್ಟಂತಾಗಿ ಗಿಡ ಏಳುವುದಿಲ್ಲ. ಚಿರೆಕಲ್ಲಿನ ದಿಬ್ಬದಲ್ಲಿ ಬೇರೊಂದು ತೊಂದರೆ ಇದೆ. ಗಟ್ಟಿ ಕಲ್ಲಿನಲ್ಲಿ ಚೌಕಾಕಾರದ ಗುಂಡಿ ತೋಡಿ ಮೃದು ಮಣ್ಣು ತುಂಬಿದರೆ, ಜೂನ್ ತಿಂಗಳ ಮಳೆಗೆ ಆ ಗುಂಡಿ ನೀರಿನ ತೊಟ್ಟಿಯಾಗಿ ಬೇರು ಕೊಳೆಯುತ್ತದೆ. ಅಂಥ ಕಡೆ ಗುಂಡಿಯ ಇಳಿಜಾರಿನ ಬದಿಯಲ್ಲಿ ಒಂದು ಗೇಣು ಅಗಲದ ಕಾಲುವೆ ಕಡಿದು ನೀರಿಗೆ ದಾರಿ ಮಾಡಿಕೊಡಬೇಕು. ನನ್ನ ಎರಡು ಗಿಡಗಳು ಸತ್ತದ್ದು ಈ ಕಾಲುವೆ ಇಲ್ಲದ ಗುಂಡಿಗಳಲ್ಲಿಯೇ.

ಗುಂಡಿಯನ್ನು ಒಂದು ಮೀಟರ್ ಉದ್ದ, ಅಗಲ, ಆಳಕ್ಕೆ ಏಪ್ರಿಲ್ ತಿಂಗಳಲ್ಲಿ ತೋಡಿ, ಮೂರು ನಾಲ್ಕು ವಾರ ಬಿಸಿಲಿಗೆ ಬಿಟ್ಟು, ಮೇಲ್ಮಣ್ಣಿಗೆ 20ರಿಂದ 25 ಕಿಲೋ ಕಳಿತ ಕೊಟ್ಟಿಗೆ ಗೊಬ್ಬರ ಮತ್ತು ಒಂದು ಕಿಲೋ ಶಿಲಾರಂಜಕ (ರಾಕ್ ಫಾಸ್ಫೇಟ್) ಬೆರೆಸಿ ನೆಲದಿಂದ ಅರ್ಧ ಅಡಿ ಎತ್ತರಕ್ಕೆ ತುಂಬಿ. ಮಳೆಗೆ ಅದು ಕುಸಿದು ಸಮವಾಗುತ್ತದೆ. ಅಂತರ 10 ಮೀಟರ್ ಇಟ್ಟರೆ ಎಕರೆಗೆ 40 ಗಿಡ ಹಿಡಿಯುತ್ತವೆ. ಇನ್ನೂ ಹತ್ತಿರ ನೆಡಲು ಆಸೆಯಾಗುವುದು ಸಹಜ, ಆದರೆ ನಮ್ಮ ತೇವದ ಹವೆಯಲ್ಲಿ ಕೊಂಬೆಗೆ ಕೊಂಬೆ ತಾಗಿದ ತೋಟದಲ್ಲಿ ರೋಗವೂ ಜಿಗಿಹುಳುವೂ ಬಿಡುವುದಿಲ್ಲ.

ಒಂದೆರಡು ಒಳ್ಳೆಯ ಮಳೆ ಬಿದ್ದು ಮಣ್ಣು ನೆನೆದ ಮೇಲೆ ನೆಡಿ, ಧಾರಾಕಾರ ಸುರಿಯುವ ವಾರದಲ್ಲಿ ಬೇಡ. ಕಸಿಯ ಗಂಟು ಮಣ್ಣಿನಿಂದ ಮೇಲಿರಲಿ. ಕಸಿಗೆ ಸುತ್ತಿದ ಪ್ಲಾಸ್ಟಿಕ್ ಪಟ್ಟಿಯನ್ನು ಬಿಚ್ಚಿದ್ದೀರಾ ಎಂದು ಎರಡು ಸಲ ನೋಡಿ. ಅದು ಉಳಿದರೆ ಕಾಂಡ ದಪ್ಪವಾದಂತೆ ಕುತ್ತಿಗೆ ಹಿಸುಕಿದಂತಾಗಿ ಎರಡನೆಯ ವರ್ಷದ ಗಾಳಿಗೆ ಗಿಡ ಅಲ್ಲಿಯೇ ಮುರಿಯುತ್ತದೆ. ಗೂಟ ಕೊಟ್ಟು ಸಡಿಲವಾಗಿ ಕಟ್ಟಿ.

ಮೊದಲ ನಾಲ್ಕು ವರ್ಷ

ಗಂಟಿನ ಕೆಳಗಿನಿಂದ ಬರುವ ಪ್ರತಿಯೊಂದು ಚಿಗುರನ್ನೂ ಚಿವುಟಬೇಕು, ಅದು ಕಾಟು ಮಾವಿನ ಚಿಗುರು. ಎಷ್ಟೋ ಹಿತ್ತಿಲುಗಳಲ್ಲಿ ಇಶಾಡು ಸತ್ತು ಬುಡದ ಕಾಟು ಮಾವು ಬೆಳೆದಿರುವುದು ಮನೆಯವರಿಗೆ ಗೊತ್ತೇ ಇರುವುದಿಲ್ಲ. ಕಸಿ ಗಿಡ ಎರಡನೆಯ ವರ್ಷವೇ ಹೂ ಬಿಡಬಹುದು. ಮೊದಲ ಮೂರು ವರ್ಷ ಆ ಹೂವನ್ನು ಮನಸ್ಸು ಗಟ್ಟಿ ಮಾಡಿಕೊಂಡು ಚಿವುಟಿ, ಗಿಡ ಮೈ ತುಂಬಿಕೊಳ್ಳಲಿ. ನೆಲದಿಂದ ಎರಡೂವರೆ ಅಡಿ ಎತ್ತರದಲ್ಲಿ ತುದಿ ಕತ್ತರಿಸಿ, ಬೇರೆ ಬೇರೆ ದಿಕ್ಕಿಗೆ ಹೋಗುವ ಮೂರು ನಾಲ್ಕು ಕೊಂಬೆಗಳನ್ನು ಮಾತ್ರ ಉಳಿಸಿಕೊಂಡರೆ ಮುಂದೆ ಏಣಿ ಇಲ್ಲದೆ ಕೊಯ್ಯುವ ಮರವಾಗುತ್ತದೆ. ಹಳೆಯ ಇಶಾಡು ಮರಗಳು ಅರವತ್ತಡಿ ಏರಿವೆ, ಹತ್ತಿ ಕೊಯ್ಯುವವರು ಸಿಗದೆ ಅವುಗಳ ಹಣ್ಣು ನೆಲಕ್ಕೆ ಬಿದ್ದು ಒಡೆಯುವುದನ್ನು ಪ್ರತಿ ವರ್ಷ ನೋಡುತ್ತಿದ್ದೇನೆ.

ಮೊದಲ ಎರಡು ಬೇಸಿಗೆಗಳಲ್ಲಿ ಮೂರು ನಾಲ್ಕು ದಿನಕ್ಕೊಮ್ಮೆ ನೀರು ಬೇಕು, ಬುಡಕ್ಕೆ ದಪ್ಪವಾಗಿ ದರಕು ಹಾಸಿದರೆ ವಾರಕ್ಕೊಮ್ಮೆ ಸಾಕಾಗುತ್ತದೆ. ದರಕು ಕಾಂಡಕ್ಕೆ ತಾಗಬಾರದು, ಒರಲೆ (ಗೆದ್ದಲು) ಹತ್ತುತ್ತದೆ.

ಗೊಬ್ಬರ ಮತ್ತು ನೀರು

ರಾಜ್ಯದ ಶಿಫಾರಸಿನಂತೆ ಒಂದು ವರ್ಷದ ಗಿಡಕ್ಕೆ 73 ಗ್ರಾಂ ಸಾರಜನಕ, 18 ಗ್ರಾಂ ರಂಜಕ ಮತ್ತು 68 ಗ್ರಾಂ ಪೊಟ್ಯಾಷ್ ಕೊಟ್ಟು, ಪ್ರತಿ ವರ್ಷ ಅಷ್ಟಷ್ಟೇ ಹೆಚ್ಚಿಸುತ್ತ ಹೋಗಿ, 10ನೆಯ ವರ್ಷಕ್ಕೆ 730, 180 ಮತ್ತು 680 ಗ್ರಾಮಿಗೆ ನಿಲ್ಲಿಸಬೇಕು. ಅಂದರೆ ದೊಡ್ಡ ಮರಕ್ಕೆ ಸುಮಾರು 1.6 ಕಿಲೋ ಯೂರಿಯಾ, 900 ಗ್ರಾಂ ಶಿಲಾರಂಜಕ, 1.1 ಕಿಲೋ ಮ್ಯೂರಿಯೇಟ್ ಆಫ್ ಪೊಟ್ಯಾಷ್. ಅರ್ಧವನ್ನು ಮಳೆಗಾಲದ ಆರಂಭದಲ್ಲಿ, ಇನ್ನರ್ಧವನ್ನು ಹುಬ್ಬಾ, ಉತ್ತರಾ ಮಳೆಯ ಹೊತ್ತಿಗೆ (ಸೆಪ್ಟೆಂಬರಿನಲ್ಲಿ) ಕೊಡಿ. ಜುಲೈ ತಿಂಗಳ ಮಳೆಯಲ್ಲಿ ಹಾಕಿದ ಯೂರಿಯಾ ಹಳ್ಳದ ಪಾಲಾಗುತ್ತದೆ. ಗೊಬ್ಬರವನ್ನು ಬುಡಕ್ಕೆ ಸುರಿಯದೆ, ಕೊಂಬೆಗಳ ನೆರಳು ಮುಗಿಯುವ ಅಂಚಿನಲ್ಲಿ ಅಗಳ ತೆಗೆದು ಹಾಕಿ ಮುಚ್ಚಬೇಕು. ನಮ್ಮ ಮಣ್ಣು ಹುಳಿ, ಮಣ್ಣು ಪರೀಕ್ಷೆ ಮಾಡಿಸಿ ಅದರಂತೆ ಸುಣ್ಣ ಕೊಟ್ಟರೆ ಹಾಕಿದ ಗೊಬ್ಬರ ಗಿಡಕ್ಕೆ ದಕ್ಕುತ್ತದೆ.

ಫಲ ಬಿಡುವ ಮರಕ್ಕೆ ಅಕ್ಟೋಬರ್ ಮಧ್ಯದಿಂದ ಕಾಯಿ ಬಟಾಣಿ ಗಾತ್ರಕ್ಕೆ ಬರುವವರೆಗೆ ನೀರು ಕೊಡಬೇಡಿ. ಒಣಗಾಳಿ ಮತ್ತು ತಂಪು ರಾತ್ರಿಗಳು ಕೂಡಿದರೆ ಮರ ಹೂವಿಗೆ ತಿರುಗುತ್ತದೆ, ಆಗ ನೀರು ಕೊಟ್ಟರೆ ಚಿಗುರಿಗೆ ತಿರುಗುತ್ತದೆ. ತೆಂಗು ಅಡಿಕೆಯ ನಡುವೆ ಇಶಾಡು ನೆಟ್ಟು, ತೋಟಕ್ಕೆಲ್ಲ ನೀರು ಹಾಯಿಸಿ, ಮರ ಎಲೆಯಷ್ಟೇ ಬಿಡುತ್ತದೆ ಎಂದು ದೂರುವವರು ಬಹಳ ಮಂದಿ. ಕಾಯಿ ಕಚ್ಚಿದ ಮೇಲೆ 10ರಿಂದ 15 ದಿನಕ್ಕೊಮ್ಮೆ ನೀರು ಕೊಟ್ಟರೆ ಉದುರುವುದು ಕಡಿಮೆಯಾಗಿ ಗಾತ್ರ ಬರುತ್ತದೆ.

ಹೂವಿನ ದಿನಗಳು

ಡಿಸೆಂಬರಿನಿಂದ ಫೆಬ್ರವರಿಯವರೆಗೆ ದಿನ ಬೆಳಗಾದರೆ ಮರದ ಕೆಳಗೆ ಒಮ್ಮೆ ಓಡಾಡಿ. ಒಣ ಎಲೆಗಳ ಮೇಲೆ ಅಂಟು ಅಂಟಾಗಿ ಹೊಳೆದರೆ ಜಿಗಿಹುಳು ಬಂದಿದೆ ಎಂದರ್ಥ. ಹೂಗೊಂಚಲನ್ನು ಮೆಲ್ಲಗೆ ತಟ್ಟಿದರೆ ಚಟಚಟನೆ ಹಾರುತ್ತವೆ. ಹೂವಿನ ಮೇಲೆ ಹಿಟ್ಟು ಚಿಮುಕಿಸಿದಂತೆ ಬಿಳಿ ಕಂಡರೆ ಅದು ಬೂದಿ ರೋಗ. ಮೋಡ ಕವಿದು ಇಬ್ಬನಿ ದಟ್ಟವಾಗಿ ಬೀಳುವ ವಾರಗಳಲ್ಲಿ ಎರಡೂ ಒಟ್ಟಿಗೆ ಬರುತ್ತವೆ. ಹೂಗೊಂಚಲು ಹೊರಡುವಾಗ, ಹೂ ಅರಳುವ ಮೊದಲು, ಲೀಟರ್ ನೀರಿಗೆ 0.3 ಮಿಲಿ ಇಮಿಡಾಕ್ಲೋಪ್ರಿಡ್ ಬೆರೆಸಿ ಒಂದು ಸಿಂಪಡಣೆ, ಬೂದಿ ಕಂಡಲ್ಲಿ ಲೀಟರಿಗೆ 2 ಗ್ರಾಂ ನೀರಿನಲ್ಲಿ ಕರಗುವ ಗಂಧಕ ಸಾಕು. ಹೂ ಪೂರ್ತಿ ಅರಳಿರುವಾಗ ಏನನ್ನೂ ಹೊಡೆಯಬೇಡಿ. ಮಾವಿನ ಪರಾಗ ಸಾಗಿಸುವುದು ನೊಣಗಳು, ಜೇನು ಮತ್ತು ಸಣ್ಣ ಕೀಟಗಳು. ಅವನ್ನು ಕೊಂದು ಕಾಯಿ ಕಾಯುವುದು ವ್ಯರ್ಥ.

ಮಳೆಗಾಲದಲ್ಲಿ ಎಲೆ, ಟೊಂಗೆಗಳ ಮೇಲೆ ಕಪ್ಪು ಚುಕ್ಕೆ ಬೀಳಿಸುವ ಚಿಬ್ಬು ರೋಗಕ್ಕೆ ಅಡಿಕೆಗೆ ಮಾಡುವ, ಮೈಲುತುತ್ತು ಮತ್ತು ಸುಣ್ಣ ಬೆರೆಸಿದ ಶೇಕಡಾ 1ರ ಬೋರ್ಡೋ ದ್ರಾವಣವೇ ಆಗುತ್ತದೆ. ಅಡಿಕೆಗೆ ಹೊಡೆಯುವ ದಿನ ಉಳಿದದ್ದನ್ನು ಅಂದೇ ಮಾವಿಗೂ ಹೊಡೆಸಿಬಿಡಿ. ಬಂದಳಿಕೆಯನ್ನು ಎಲೆ ಕಿತ್ತು ಬಿಟ್ಟರೆ ಮತ್ತೆ ಬರುತ್ತದೆ, ಅದು ಬೇರೂರಿದ ಜಾಗದಿಂದ ಒಂದಡಿ ಕೆಳಗೆ ಕೊಂಬೆಯನ್ನೇ ಕಡಿಯಬೇಕು. ಕಾಂಡದಿಂದ ಮರದ ಹುಡಿ ಉದುರುತ್ತಿದ್ದರೆ ತೂತಿಗೆ ತಂತಿ ತೂರಿಸಿ ಹುಳು ಕೊಂದು, ಸೀಮೆಎಣ್ಣೆಯಲ್ಲಿ ಅದ್ದಿದ ಹತ್ತಿ ತುರುಕಿ ಮಣ್ಣು ಮೆತ್ತಿ.

ಹಣ್ಣುನೊಣ ಮತ್ತು ಕೊಯ್ಲು

ತೆಳು ಸಿಪ್ಪೆ ಇಶಾಡಿನ ಹಿರಿಮೆ, ಹಣ್ಣುನೊಣಕ್ಕೂ ಅದೇ ಅನುಕೂಲ. ನೊಣ ಬಲಿತ ಕಾಯಿಯ ಸಿಪ್ಪೆಯೊಳಗೆ ಮೊಟ್ಟೆ ಇಡುತ್ತದೆ, ಹೊರಗೆ ಸೂಜಿ ಚುಚ್ಚಿದಷ್ಟೇ ಗುರುತು. ಹಣ್ಣಾದಾಗ ಒಳಗೆಲ್ಲ ಹುಳು. ಕಾಯಿ ಅರ್ಧ ಬಲಿತಾಗಲೇ ಎಕರೆಗೆ ನಾಲ್ಕರಿಂದ ಆರರಂತೆ, ಗಂಡು ನೊಣಗಳನ್ನು ಸೆಳೆಯುವ ಮೀಥೈಲ್ ಯೂಜಿನಾಲ್ ಬಲೆಗಳನ್ನು ತೂಗುಹಾಕಿ. ಉದುರಿದ ಹಣ್ಣುಗಳನ್ನು ದಿನಾಲೂ ಆರಿಸಿ ಎರಡಡಿ ಆಳದಲ್ಲಿ ಹೂಳಿ, ಒಂದು ಕೊಳೆತ ಹಣ್ಣು ನೂರಾರು ನೊಣಗಳ ತವರು. ಇದನ್ನು ಅಕ್ಕಪಕ್ಕದ ಹಿತ್ತಿಲಿನವರೂ ಸೇರಿ ಮಾಡಿದರೆ ಮಾತ್ರ ಫಲ, ಒಬ್ಬರೇ ಮಾಡಿದರೆ ಬೇಲಿಯಾಚೆಯ ನೊಣ ಬರುತ್ತಲೇ ಇರುತ್ತದೆ. ಮಂಗಗಳ ವಿಷಯದಲ್ಲಿ ನಾಯಿ ಮತ್ತು ಮನುಷ್ಯನ ಕಾವಲನ್ನು ಬಿಟ್ಟು ನನಗೆ ಕೈಹಿಡಿದ ಉಪಾಯ ಬೇರೆ ಇಲ್ಲ.

ಕಾಯಿ ಬಲಿತಿದೆಯೇ ಎಂದು ತಿಳಿಯಲು ತೊಟ್ಟಿನ ಸುತ್ತ ನೋಡಿ. ಹೆಗಲು ತುಂಬಿ ತೊಟ್ಟಿಗಿಂತ ಮೇಲೆದ್ದಿರಬೇಕು. ಎರಡು ಕಾಯಿಗಳನ್ನು ಬಕೆಟ್ ನೀರಿಗೆ ಹಾಕಿದರೆ ಬಲಿತದ್ದು ಮುಳುಗುತ್ತದೆ, ಎಳೆಯದು ತೇಲುತ್ತದೆ. ಬಲೆ ಕಟ್ಟಿದ ದೋಟಿಯಿಂದ, ಎರಡು ಬೆರಳು ತೊಟ್ಟು ಉಳಿಯುವಂತೆ, ಬೆಳಗಿನ ಹೊತ್ತು ಕೊಯ್ಯಿರಿ. ತೊಟ್ಟು ಬುಡದಲ್ಲೇ ಕಿತ್ತರೆ ಸೊನೆ ಚಿಮ್ಮಿ ಸಿಪ್ಪೆ ಸುಟ್ಟಂತೆ ಕಪ್ಪಾಗುತ್ತದೆ. ನೆರಳಿಗೆ ತಂದ ಮೇಲೆ ತೊಟ್ಟು ಚಿವುಟಿ, ಹಣ್ಣನ್ನು ಬೋರಲಾಗಿಟ್ಟು ಸೊನೆ ಇಳಿಯಲು ಬಿಟ್ಟು, ತೊಳೆದು, ಹುಲ್ಲು ಹಾಸಿ ಒಂದೇ ಪದರದಲ್ಲಿ ಹಣ್ಣಿಗಿಡಿ. ಹಣ್ಣು ಮಾಡಲು ಕ್ಯಾಲ್ಸಿಯಂ ಕಾರ್ಬೈಡ್ ಬಳಸುವುದು ಕಾನೂನಿನಲ್ಲಿ ನಿಷಿದ್ಧ. ಹಣ್ಣಾದ ಇಶಾಡು ಹೆಚ್ಚು ದಿನ ನಿಲ್ಲುವುದಿಲ್ಲ, ಆದ್ದರಿಂದ ಗಿರಾಕಿಯನ್ನು ಗೊತ್ತುಮಾಡಿಕೊಂಡೇ ಕೊಯ್ಯುವುದು ಲೇಸು. ಮೇ ಕೊನೆಯ ರೋಹಿಣಿ ಮಳೆ ಹಿಡಿದರೆ ಮರದಲ್ಲಿ ಉಳಿದ ಹಣ್ಣಿನ ಬಹುಪಾಲು ಹುಳುವಿಗೆ ಹೋಗುತ್ತದೆ. ಕೊಯ್ಲು ಮುಗಿದ ಕೂಡಲೇ ಒಣ ಕೊಂಬೆ, ಒಳಗೆ ಹೆಣೆದುಕೊಂಡ ಕೊಂಬೆಗಳನ್ನು ತೆಗೆದು ಗಾಯಕ್ಕೆ ಬೋರ್ಡೋ ಮುಲಾಮು ಹಚ್ಚಿ.

ತಪ್ಪು ಮರ ಬೆಳೆದುಬಿಟ್ಟಿದ್ದರೆ

ನನ್ನ ಹಾಗೆ ಕರಿ ಎಂದು ಬಿಳಿ ನೆಟ್ಟವರು ಮರವನ್ನು ಬುಡದಿಂದ ಕಡಿಯಬೇಕಾಗಿಲ್ಲ. ಬೇರು ಗಟ್ಟಿಯಾಗಿದೆ, ತಲೆ ಬದಲಿಸಿದರೆ ಸಾಕು. ಫೆಬ್ರವರಿ, ಮಾರ್ಚ್ ಹೊತ್ತಿಗೆ ಮರವನ್ನು ನೆಲದಿಂದ ನಾಲ್ಕು ನಾಲ್ಕೂವರೆ ಅಡಿ ಎತ್ತರದಲ್ಲಿ, ನೀರು ನಿಲ್ಲದಂತೆ ಓರೆಯಾಗಿ ಗರಗಸದಿಂದ ಕೊಯ್ದು, ಕೊಯ್ದ ಮುಖಕ್ಕೆ ಬೋರ್ಡೋ ಮುಲಾಮು ಹಚ್ಚಿ. ಆದರೆ ಕೆಳಗಿನ ಒಂದು ಕೊಂಬೆಯನ್ನು ಎಲೆ ಸಮೇತ ಬಿಡಿ, ಬೇರುಗಳಿಗೆ ಆಹಾರ ಅದರಿಂದಲೇ ಹೋಗಬೇಕು. ಮೊದಲ ಮರದಲ್ಲಿ ನಾನು ಎಲ್ಲವನ್ನೂ ಕಡಿದಿದ್ದೆ, ಅದು ಚಿಗುರದೆ ಒಣಗಿತು. ಕೊಯ್ದ ಜಾಗದ ಕೆಳಗೆ ಗುಂಪಾಗಿ ಬರುವ ಚಿಗುರುಗಳಲ್ಲಿ ಬಲವಾದ ಆರೆಂಟನ್ನು, ಸುತ್ತಲೂ ಹರಡಿರುವಂತೆ ಆರಿಸಿಕೊಂಡು ಉಳಿದವನ್ನು ತೆಗೆಯಿರಿ. ಜೂನ್, ಜುಲೈ ತಿಂಗಳಲ್ಲಿ ಅವುಗಳ ತುದಿ ತಾಮ್ರದ ಬಣ್ಣದಲ್ಲಿರುವಾಗ, ಗುರುತು ಮಾಡಿದ ತಾಯಿಮರದ ಕಡ್ಡಿಯಿಂದ ಮೇಲೆ ಹೇಳಿದಂತೆಯೇ ಬೆಣೆ ಕಸಿ ಮಾಡಿ, ಮಳೆ ನೀರು ಇಳಿಯದಂತೆ ಕಿರಿದಾದ ಪ್ಲಾಸ್ಟಿಕ್ ಕೊಳವೆಯನ್ನು ಟೊಪ್ಪಿಗೆಯಂತೆ ತೊಡಿಸಿ. ಮೊಗ್ಗು ಒಡೆದ ಮೇಲೆ ಟೊಪ್ಪಿಗೆ ತೆಗೆಯಿರಿ. ಹೊಸ ಕೊಂಬೆಗಳು ಬೇಗ ಉದ್ದವಾಗಿ ಗಾಳಿಗೆ ಸೀಳಿಹೋಗುವುದರಿಂದ ಕಾಂಡಕ್ಕೆ ಬಿದಿರಿನ ಗಳು ಕಟ್ಟಿ ಆಸರೆ ಕೊಡಬೇಕು. ಹಳೆಯ ಮರದ ಚಿಗುರುಗಳನ್ನು ತಿಂಗಳಿಗೊಮ್ಮೆ ಸವರುತ್ತಿರಬೇಕು.

ಹೀಗೆ ತಲೆ ಬದಲಿಸಿದ ಆರು ಮರಗಳಲ್ಲಿ ಐದು ಹಿಡಿದವು, ನಾಲ್ಕನೆಯ ಬೇಸಿಗೆಯಲ್ಲಿ ಕರಿ ಇಶಾಡು ಬಿಟ್ಟವು. ಮೊದಲ ಹಣ್ಣುಗಳನ್ನು ಕಡ್ಡಿ ಕೊಟ್ಟ ಮನೆಗೆ ಒಯ್ದಾಗ ಅಲ್ಲಿಯ ಅಜ್ಜಿ ಕೊಯ್ಯುವ ಮೊದಲೇ ಮೂಸಿ ನೋಡಿ, ತಮ್ಮದೇ ಮರದ್ದು ಎಂದರು. ಆಹಾರಕ್ಕೆಂದು ಉಳಿಸಿದ್ದ ಹಳೆಯ ಕೊಂಬೆಗಳನ್ನು ನಾನು ಕಡಿದದ್ದು ಅದಾದ ಮೇಲೆ.